ಚೌಕಟ್ಟಿನ ಅಂಚಿನಲ್ಲಿ ನಿಂತವರು: ಬ್ರಿಗಿಟೆ ಮೀರಾ ಮತ್ತು ಯುದ್ಧೋತ್ತರ ಜರ್ಮನ್ ಸಿನಿಮಾ

ಸಿನಿಮಾದ ಇತಿಹಾಸವನ್ನು ನಾವು ಬಹುಮಟ್ಟಿಗೆ ನಿರ್ದೇಶಕರ ಹೆಸರಿನಲ್ಲಿ ಬರೆಯುತ್ತೇವೆ; ಅದು ಸಾಲದೆ ಬಂದಾಗ ನಾಯಕ ನಾಯಕಿಯರ ಹೆಸರನ್ನು ಸೇರಿಸಿಕೊಳ್ಳುತ್ತೇವೆ. ಎರಡನೆಯ ಮಹಾಯುದ್ಧದ ನಂತರದ ಜರ್ಮನ್ ಸಿನಿಮಾದ ವಿಷಯದಲ್ಲಂತೂ ಈ ಅಭ್ಯಾಸ ಗಟ್ಟಿಯಾಗಿ ಬೇರೂರಿದೆ. ಬೆಂಗಳೂರಿನ ಫಿಲ್ಮ್ ಸೊಸೈಟಿಗಳಲ್ಲಿ, ಜರ್ಮನ್ ಸಾಂಸ್ಕೃತಿಕ ಕೇಂದ್ರವಾದ ಮ್ಯಾಕ್ಸ್ ಮುಲ್ಲರ್ ಭವನದ ಪ್ರದರ್ಶನಗಳಲ್ಲಿ ಆ ಚಿತ್ರಗಳನ್ನು ನೋಡುತ್ತ ಬಂದ ನಮ್ಮಂಥವರಿಗೆ ಫಾಸ್‌ಬಿಂಡರ್, ಹೆರ್ತ್ಸೋಗ್, ವೆಂಡರ್ಸ್ ಎಂಬ ಮೂವರು ನಿರ್ದೇಶಕರ ಹೆಸರುಗಳು ಒಂದೇ ಉಸಿರಿನಲ್ಲಿ ಬಾಯಿಗೆ ಬರುತ್ತವೆ. ನಟಿ ಹನ್ನಾ ಶಿಗುಲ್ಲಾ ಅವರ ಮುಖವೂ ನೆನಪಿನಲ್ಲಿರುತ್ತದೆ. ಆದರೆ ಅದೇ ಚಿತ್ರಗಳಲ್ಲಿ ಮನೆಯೊಡತಿಯಾಗಿ, ಅಡುಗೆಯವಳಾಗಿ, ನೆರೆಮನೆಯ ಹೆಂಗಸಾಗಿ ಮತ್ತೆ ಮತ್ತೆ ಎದುರಾಗುವ, ಕುಳ್ಳಗಿನ, ದುಂಡು ಮುಖದ, ಮಾತಿನ ಲಯದಲ್ಲಿಯೇ ಬರ್ಲಿನ್ ನಗರವನ್ನು ಹೊತ್ತು ತರುವ ಒಬ್ಬ ಹಿರಿಯ ನಟಿಯ ಹೆಸರನ್ನು ಕೇಳಿದರೆ ಹೆಚ್ಚಿನವರು ಸ್ವಲ್ಪ ಹೊತ್ತು ಯೋಚಿಸಬೇಕಾಗುತ್ತದೆ. ಆಕೆಯ ಹೆಸರು ಬ್ರಿಗಿಟೆ ಮೀರಾ. 1910ರ ಏಪ್ರಿಲ್ 20ರಂದು ಹ್ಯಾಂಬರ್ಗಿನಲ್ಲಿ ಹುಟ್ಟಿ 2005ರ ಮಾರ್ಚ್ 8ರಂದು ಬರ್ಲಿನ್ನಿನಲ್ಲಿ ತೀರಿಕೊಂಡ ಅವರು ತಮ್ಮ ವೃತ್ತಿಜೀವನದ ಬಹುಭಾಗವನ್ನು ಪೋಷಕ ನಟಿಯಾಗಿಯೇ ಕಳೆದರು.

ಅವರನ್ನು ಕುರಿತು ಮಾತನಾಡುವವರು ಸಾಮಾನ್ಯವಾಗಿ ಹೇಳುವ ಕಥೆ ಒಂದಿದೆ. ದಶಕಗಳ ಕಾಲ ಹಗುರವಾದ ಹಾಸ್ಯಪಾತ್ರಗಳಲ್ಲಿ ಸವೆದುಹೋದ ನಟಿಯನ್ನು ಒಬ್ಬ ಪ್ರತಿಭಾವಂತ ತರುಣ ನಿರ್ದೇಶಕ ಗುರುತಿಸಿ, ಅರವತ್ತಮೂರನೆಯ ವಯಸ್ಸಿನಲ್ಲಿ ನಾಯಕಿಯನ್ನಾಗಿ ಮಾಡಿದನೆಂಬುದು ಆ ಕಥೆ. ಅದರಲ್ಲಿರುವ ಸಂಗತಿಗಳು ನಿಜ. ಅವುಗಳನ್ನು ಜೋಡಿಸಿರುವ ರೀತಿಯನ್ನು ಮಾತ್ರ ನಾನು ಒಪ್ಪಲಾರೆ. ಮೀರಾ ಅವರ ಆ ಒಂದು ದೊಡ್ಡ ಪಾತ್ರ ಹಿಂದಿನ ನಲವತ್ತು ವರ್ಷಗಳ ಕೆಲಸವನ್ನು ಬದಿಗೊತ್ತಿ ಬಂದದ್ದಲ್ಲ. ಪೋಷಕ ನಟಿಯಾಗಿ ಅವರು ಕಲಿತ ವಿದ್ಯೆಯೇ ಆ ಪಾತ್ರದ ತಿರುಳು ಎಂಬುದನ್ನು ಅವರ ವೃತ್ತಿಜೀವನದ ವಿವರಗಳನ್ನೇ ಮುಂದಿಟ್ಟು ತೋರಿಸಲು ಪ್ರಯತ್ನಿಸುತ್ತೇನೆ.

ಮೀರಾ ಅವರ ತಂದೆ ರಷ್ಯಾದಿಂದ ಬಂದ ಯಹೂದಿ ಪಿಯಾನೋ ವಾದಕ. ಮಗಳು ಡ್ಯೂಸೆಲ್‌ಡಾರ್ಫಿನಲ್ಲಿ ಬೆಳೆದು, ಹಾಡು ಮತ್ತು ನೃತ್ಯವನ್ನು ಕಲಿತು, 1929ರಲ್ಲಿ ಕಲೋನ್ ನಗರದಲ್ಲಿ ಸ್ಮೆತಾನಾನ 'ದಿ ಬಾರ್ಟರ್ಡ್ ಬ್ರೈಡ್' ಆಪೆರಾದ ಎಸ್ಮೆರಾಲ್ಡಾ ಎಂಬ ಚಿಕ್ಕ ಪಾತ್ರದಿಂದ ರಂಗಕ್ಕೆ ಬಂದರು. ಮುಂದಿನ ವರ್ಷಗಳಲ್ಲಿ ಊರಿಂದೂರಿಗೆ ಹೋಗಿ ಆಪೆರೆಟ್ಟಾಗಳಲ್ಲಿ, ಎಂದರೆ ಹಗುರವಾದ ಸಂಗೀತ ನಾಟಕಗಳಲ್ಲಿ, ಹಾಡಿದರು. ಆಪೆರೆಟ್ಟಾದಲ್ಲಿ ಅವರಿಗೆ ಸಿಗುತ್ತಿದ್ದುದು 'ಸುಬ್ರೆಟ್' ಎಂದು ಕರೆಯುವ ಪಾತ್ರ. ಕಥಾನಾಯಕಿ ಪ್ರೇಮದಲ್ಲಿ ಬೆಂದು ದೀರ್ಘವಾದ ಹಾಡುಗಳನ್ನು ಹಾಡುತ್ತಿರುವಾಗ, ಚುರುಕು ಮಾತಿನಿಂದಲೂ ಹಗುರವಾದ ಕುಣಿತದಿಂದಲೂ ಕಥೆಯನ್ನು ಮುಂದಕ್ಕೆ ತಳ್ಳುವ ಗೆಳತಿ ಅಥವಾ ಸೇವಕಿ ಈಕೆ. ಪ್ರೇಕ್ಷಕರನ್ನು ನಗಿಸಬೇಕು, ಆದರೆ ನಾಯಕಿಯ ಮೇಲಿನ ಬೆಳಕನ್ನು ಕದಿಯಬಾರದು. ಕ್ಷಣಮಾತ್ರದಲ್ಲಿ ಬಂದು ಕೆಲಸ ಮುಗಿಸಿ ಹೊರಡಬೇಕು, ಆದರೆ ಬಂದದ್ದು ಗೊತ್ತಾಗಬೇಕು. ಇಂಥ ಪಾತ್ರವನ್ನು ದಿನವೂ ಸಂಜೆ ಮಾಡುವವರಿಗೆ ಕಾಲದ ಅಳತೆ ಮೈಗೂಡುತ್ತದೆ. ಎದುರಿನವರ ಮಾತು ಎಲ್ಲಿ ಮುಗಿಯುತ್ತದೆ, ನಗು ಎಲ್ಲಿ ಏಳುತ್ತದೆ, ಅದು ಇಳಿಯುವ ಮೊದಲು ಯಾವ ಹೊತ್ತಿಗೆ ಬಾಯಿ ತೆರೆಯಬೇಕು ಎಂಬುದನ್ನು ಕಿವಿಯಿಂದಲೇ ಕಲಿಯಬೇಕಾದ ಶಾಲೆ ಅದು.

1933ರಲ್ಲಿ ನಾಜಿಗಳು ಅಧಿಕಾರಕ್ಕೆ ಬಂದ ನಂತರ ಈ ಶಾಲೆ ಭಯದ ನೆರಳಿನಲ್ಲಿ ನಡೆಯಿತು. ಯಹೂದಿಗಳ ಹಕ್ಕುಗಳನ್ನು ಕಸಿದ ನ್ಯೂರೆಂಬರ್ಗ್ ಕಾಯಿದೆಗಳ ಲೆಕ್ಕದಲ್ಲಿ ಮೀರಾ 'ಅರೆ ಯಹೂದಿ'. ಈ ಸಂಗತಿಯನ್ನು ಮುಚ್ಚಿಟ್ಟುಕೊಂಡೇ ಅವರು ರಂಗದ ಮೇಲೆ ಉಳಿದರು. ಅಷ್ಟೇ ಅಲ್ಲ, 1943 ಮತ್ತು 1944ರಲ್ಲಿ ವಾರ್ತಾಚಿತ್ರಗಳ ಜೊತೆ ತೋರಿಸುತ್ತಿದ್ದ 'ಲೀಜೆ ಮತ್ತು ಮೀಜೆ' ಎಂಬ ಸರ್ಕಾರಿ ಪ್ರಚಾರದ ಕಿರುಚಿತ್ರಗಳಲ್ಲಿ ಅವರು ಅಭಿನಯಿಸಿದರು. ಲೀಜೆ ಆಳುವವರು ಬಯಸುವಂಥ ಆದರ್ಶ ಮಹಿಳೆ. ಮೀಜೆ ಗೊಣಗುವವಳು, ಸಾಮಾನು ಕೂಡಿಡುವವಳು, ಶತ್ರು ದೇಶದ ರೇಡಿಯೋ ಕೇಳುವವಳು. ಮೀರಾ ಮಾಡಿದ್ದು ಮೀಜೆಯನ್ನು. ಪ್ರೇಕ್ಷಕರಿಗೆ ಬುದ್ಧಿ ಕಲಿಸಲೆಂದು ಕಟ್ಟಿದ ಈ 'ಕೆಟ್ಟ' ಹೆಂಗಸು ಅವರ ಅಭಿನಯದಲ್ಲಿ 'ಒಳ್ಳೆಯ' ಲೀಜೆಗಿಂತ ಹೆಚ್ಚು ಆಪ್ತಳಾಗಿಬಿಟ್ಟಳು. ಉದ್ದೇಶ ತಿರುಗುಮುರುಗಾಗಿ ಆ ಮಾಲೆಯನ್ನು ನಿಲ್ಲಿಸಬೇಕಾಯಿತೆಂದು ಜರ್ಮನ್ ಸಿನಿಮಾದ ಚರಿತ್ರೆಯಲ್ಲಿ ದಾಖಲಾಗಿದೆ. ಇದನ್ನು ಪ್ರತಿರೋಧವೆಂದು ಕರೆದು ಮೀರಾ ಅವರನ್ನು ವೀರವನಿತೆಯಾಗಿಸುವುದು ಸರಿಯಲ್ಲ. ಅವರು ಬದುಕಿ ಉಳಿಯಲು ಕೆಲಸ ಮಾಡುತ್ತಿದ್ದರು, ಆ ಕೆಲಸವನ್ನು ಮಾಡಿಸುತ್ತಿದ್ದವರು ಅವರ ತಂದೆಯ ಕುಲವನ್ನೇ ನಿರ್ನಾಮ ಮಾಡಲು ಹೊರಟವರಾಗಿದ್ದರು. ಈ ಎರಡು ಸತ್ಯಗಳಲ್ಲಿ ಒಂದನ್ನು ಮುಂದೆ ಮಾಡಿ ಇನ್ನೊಂದನ್ನು ಮರೆಮಾಚಬಾರದು. ಅಭಿನಯದ ದೃಷ್ಟಿಯಿಂದ ನಮಗೆ ಮುಖ್ಯವಾಗಬೇಕಾದದ್ದು, ಕಾಗದದ ಮೇಲೆ ನಗೆಪಾಟಲಾಗಬೇಕಾಗಿದ್ದ ವ್ಯಕ್ತಿಯನ್ನು ಮನುಷ್ಯಳನ್ನಾಗಿ ಮಾಡುವ ಶಕ್ತಿ ಅವರಲ್ಲಿ ಆಗಲೇ ಇತ್ತು ಎಂಬುದು.

ಆ ತಲೆಮಾರಿನ ಪೋಷಕ ನಟಿಯರ ಹಿನ್ನೆಲೆಯಲ್ಲಿ ಇಂಥ ಚರಿತ್ರೆ ಎಷ್ಟು ದಟ್ಟವಾಗಿದೆಯೆಂದು ತಿಳಿಯಲು ಸ್ಪೀರಾ ಸೋದರಿಯರನ್ನೂ ಇಲ್ಲಿ ನೆನೆಯಬಹುದು. ನಟ ಫ್ರಿಟ್ಸ್ ಸ್ಪೀರಾ 1943ರಲ್ಲಿ ನಾಜಿ ಶಿಬಿರದಲ್ಲಿ ಸತ್ತರು. ಹಿರಿಯ ಮಗಳು ಕಮಿಲಾ ನೆದರ್ಲೆಂಡ್ಸಿನ ವೆಸ್ಟರ್‌ಬೋರ್ಕ್ ಶಿಬಿರದಿಂದ ಬದುಕಿ ಬಂದು ಪಶ್ಚಿಮ ಬರ್ಲಿನ್ನಿನಲ್ಲಿ ನೆಲೆಸಿದರು. ಕಿರಿಯಳಾದ ಸ್ಟೆಫಿ ದೇಶಭ್ರಷ್ಟಳಾಗಿ ಮೆಕ್ಸಿಕೋ ತಲುಪಿ, ಯುದ್ಧದ ನಂತರ ಪೂರ್ವ ಬರ್ಲಿನ್ನಿಗೆ ಮರಳಿದರು. ಒಂದೇ ಮನೆಯ ಇಬ್ಬರು ನಟಿಯರು ಒಂದೇ ಊರಿನ ಎರಡು ಭಾಗಗಳಲ್ಲಿ, ಎರಡು ಬೇರೆ ಬೇರೆ ಚಿತ್ರೋದ್ಯಮಗಳಲ್ಲಿ ಕೆಲಸ ಮಾಡಿದರು. ಪರದೆಯ ಮೇಲೆ ಎರಡು ನಿಮಿಷ ಕಾಣಿಸಿಕೊಳ್ಳುವ ಚಿಕ್ಕಮ್ಮ, ಅಜ್ಜಿ, ಪಕ್ಕದ ಮನೆಯಾಕೆಯ ಮುಖಗಳ ಹಿಂದೆ ಇಂಥ ಬದುಕುಗಳು ಇದ್ದವು.

ಯುದ್ಧ ಮುಗಿದ ಮೇಲೆ ಮೀರಾ ಬರ್ಲಿನ್ನಿನ ಕ್ಯಾಬರೆ (ಹಾಡು, ವ್ಯಂಗ್ಯ, ಚುಟುಕು ಪ್ರಹಸನಗಳ ರಂಗ) ಮತ್ತು ಹಾಸ್ಯ ರಂಗಭೂಮಿಯಲ್ಲಿ ನಿರಂತರವಾಗಿ ಕೆಲಸ ಮಾಡಿದರು; ಸಿನಿಮಾದ ಚಿಕ್ಕ ಪಾತ್ರಗಳೂ ಬಂದವು. 1950ರ ದಶಕದ ಪಶ್ಚಿಮ ಜರ್ಮನಿಯ ಚಿತ್ರೋದ್ಯಮ ಎಷ್ಟು ದೊಡ್ಡದಾಗಿತ್ತೆಂಬುದು ಇಂದು ಅನೇಕರಿಗೆ ಗೊತ್ತಿಲ್ಲ. 1956ರ ಒಂದೇ ವರ್ಷದಲ್ಲಿ ಅಲ್ಲಿ ಸುಮಾರು 81 ಕೋಟಿ ಟಿಕೆಟುಗಳು ಮಾರಾಟವಾದವು; ದಶಕದ ನಡುವಿನ ವರ್ಷಗಳಲ್ಲಿ ವರ್ಷಕ್ಕೆ ನೂರಕ್ಕೂ ಹೆಚ್ಚು ಚಿತ್ರಗಳು ತಯಾರಾಗುತ್ತಿದ್ದವು. ಹಳ್ಳಿಗಾಡಿನ ಕಥೆ, ಆಪೆರೆಟ್ಟಾ, ಹಾಡು ಕುಣಿತದ ಮನರಂಜನೆ, ವೈದ್ಯರ ಕಥೆ, ಸೈನಿಕರ ಹಾಸ್ಯ ಎಂದು ಪ್ರಕಾರಗಳು ಖಚಿತವಾಗಿದ್ದವು, ಪ್ರತಿ ಪ್ರಕಾರಕ್ಕೂ ನಿಗದಿಯಾದ ಪೋಷಕ ಪಾತ್ರಗಳಿದ್ದವು. ಬಾಡಿಗೆ ಕೇಳುವ ಮನೆಯೊಡತಿ, ಗುಟ್ಟು ಬಿಟ್ಟುಕೊಡುವ ಸೇವಕಿ, ಮದುವೆ ಕೂಡಿಸುವ ಅತ್ತೆ, ಕಚೇರಿಯ ಗಟ್ಟಿಗಿತ್ತಿ ಗುಮಾಸ್ತೆ. ಅಗ್ನೆಸ್ ವಿಂಡೆಕ್, ಗ್ರೇಟೆ ವೈಸರ್, ಎಡಿತ್ ಶೋಲ್ವರ್ ಮೊದಲಾದವರು ಈ ಪಾತ್ರಗಳಿಂದಲೇ ಮನೆಮಾತಾದರು. ನಾಯಕ ನಾಯಕಿಯರು ಬದಲಾದರೂ ಈ ಮುಖಗಳು ಬದಲಾಗುತ್ತಿರಲಿಲ್ಲ; ಪ್ರೇಕ್ಷಕರು ಚಿತ್ರಮಂದಿರದಲ್ಲಿ ಗುರುತಿನವರನ್ನು ಕಂಡಂತೆ ಅವರನ್ನು ಎದುರುಗೊಳ್ಳುತ್ತಿದ್ದರು. ಮೀರಾ ಈ ಸಾಲಿನಲ್ಲಿ ಒಬ್ಬರಾಗಿದ್ದರು, ಎಲ್ಲರಿಗಿಂತ ಮುಂದೆ ನಿಂತವರೇನಲ್ಲ.

ಈ ಉದ್ಯಮವನ್ನು ಮುಂದಿನ ತಲೆಮಾರು ಒಂದೇ ಏಟಿಗೆ ತಳ್ಳಿಹಾಕಿತು. 1962ರ ಫೆಬ್ರವರಿ 28ರಂದು ಓಬರ್‌ಹೌಸೆನ್ ಕಿರುಚಿತ್ರೋತ್ಸವದಲ್ಲಿ 26 ಮಂದಿ ತರುಣ ನಿರ್ದೇಶಕರು ಸಹಿ ಮಾಡಿದ ಪ್ರಣಾಳಿಕೆ ಹಳೆಯ ಸಿನಿಮಾ ಸತ್ತಿದೆಯೆಂದು, ಹೊಸದರಲ್ಲಿ ತಮಗೆ ನಂಬಿಕೆಯಿದೆಯೆಂದು ಸಾರಿತು. ಅದಕ್ಕೆ ಕಾರಣಗಳಿದ್ದವು. ನಾಜಿ ಕಾಲದಲ್ಲಿ ಕೆಲಸ ಮಾಡಿದ ಅನೇಕ ನಿರ್ದೇಶಕರು, ನಿರ್ಮಾಪಕರು ಯಾವ ಪ್ರಶ್ನೆಗೂ ಉತ್ತರಿಸದೆ ಮುಂದುವರಿದಿದ್ದರು. ಅವರ ಚಿತ್ರಗಳಲ್ಲಿ ನಡೆದುಹೋದ ಘೋರಕ್ಕೆ ಜಾಗವಿರಲಿಲ್ಲ. ಇತ್ತ ಟೆಲಿವಿಷನ್ ಮನೆಗಳಿಗೆ ಬಂದು ಪ್ರೇಕ್ಷಕರನ್ನು ಸೆಳೆದುಕೊಂಡಿತ್ತು; 1970ರ ಹೊತ್ತಿಗೆ ವರ್ಷದ ಟಿಕೆಟು ಮಾರಾಟ 20 ಕೋಟಿಗಿಂತ ಕೆಳಗಿಳಿಯಿತು. ಆದ್ದರಿಂದ ಚರಿತ್ರೆಯ ಪುಸ್ತಕಗಳು 1962ರಲ್ಲಿ ಒಂದು ಗೆರೆ ಎಳೆದು, ಅದರ ಈಚೆಗೆ ಹೊಸ ಜರ್ಮನ್ ಸಿನಿಮಾ ಎಂದು ಬರೆಯುತ್ತವೆ. ನಿರ್ದೇಶಕರನ್ನು ಮಾತ್ರ ನೋಡಿದರೆ ಗೆರೆ ಸರಿಯಾಗಿಯೇ ಇದೆ. ಪೋಷಕ ಪಾತ್ರಗಳ ಪಟ್ಟಿಯನ್ನು ಓದಿದಾಗ ಅದು ಅಲ್ಲಲ್ಲಿ ಅಳಿಸಿಹೋಗುತ್ತದೆ.

ಅದನ್ನು ಎಲ್ಲರಿಗಿಂತ ಹೆಚ್ಚಾಗಿ ಅಳಿಸಿದವರು ರೈನರ್ ವೆರ್ನರ್ ಫಾಸ್‌ಬಿಂಡರ್. ಓಬರ್‌ಹೌಸೆನ್ ಗುಂಪಿಗಿಂತ ಕಿರಿಯರಾದ ಅವರು, 1945ರಲ್ಲಿ ಹುಟ್ಟಿ 1982ರಲ್ಲಿ ಮೂವತ್ತೇಳರ ಹರೆಯದಲ್ಲಿಯೇ ತೀರಿಕೊಂಡವರು, ತಮ್ಮ ಅಪ್ಪಂದಿರ ಸಿನಿಮಾದ ನಟರನ್ನು ಹುಡುಕಿ ಹುಡುಕಿ ಕರೆತಂದರು. 1950ರ ದಶಕದಲ್ಲಿ 'ಸಿಸಿ' ಚಿತ್ರಗಳ ತರುಣ ಚಕ್ರವರ್ತಿಯಾಗಿದ್ದ ಕಾರ್ಲ್‌ಹೈನ್ಸ್ ಬೋಮ್ ಅವರಲ್ಲಿ ಫಾಸ್‌ಬಿಂಡರ್ ಹೆಂಡತಿಯನ್ನು ನಯವಾಗಿ ಹಿಂಸಿಸುವ ಗಂಡನನ್ನು ಕಂಡರು. 1930ರ ದಶಕದ ತಾರೆ ಲೂಯಿಸೆ ಉಲ್‌ರಿಶ್ 1972ರಲ್ಲಿ ಅವರ ಟೆಲಿವಿಷನ್ ಧಾರಾವಾಹಿಯೊಂದರ ಅಜ್ಜಿಯಾದರು; ಅದೇ ಧಾರಾವಾಹಿಯಲ್ಲಿ ಹಳೆಯ ಕ್ಯಾಬರೆ ಕಲಾವಿದ ವೆರ್ನರ್ ಫಿಂಕ್ ಅವರಿಗೂ ಜಾಗ ಸಿಕ್ಕಿತು. ಇದರಲ್ಲಿ ಹಳೆಯದರ ಮೇಲಿನ ಪ್ರೀತಿ ಇತ್ತು, ಹಳೆಯದನ್ನು ವಿಚಾರಣೆಗೆ ಒಳಪಡಿಸುವ ಹಟವೂ ಇತ್ತು. ಇದರ ಜೊತೆಗೆ ಕೆಲಸದ ರೀತಿಗೆ ಸಂಬಂಧಿಸಿದ ಕಾರಣವನ್ನೂ ನಾವು ಗಮನಿಸಬೇಕು. ಫಾಸ್‌ಬಿಂಡರ್ ಕಡಿಮೆ ಹಣದಲ್ಲಿ, ಬಹಳ ವೇಗವಾಗಿ ಚಿತ್ರ ತೆಗೆಯುತ್ತಿದ್ದರು. ಒಂದೇ ದೃಶ್ಯವನ್ನು ಹತ್ತು ಸಲ ತೆಗೆಯುವ ಅವಕಾಶ ಅಲ್ಲಿರಲಿಲ್ಲ. ಹೇಳಿದ ಜಾಗದಲ್ಲಿ ನಿಂತು, ಮೊದಲ ಸಲಕ್ಕೇ ಸರಿಯಾದ ಅಳತೆಯಲ್ಲಿ ಮಾತನ್ನು ಒಪ್ಪಿಸಬಲ್ಲ ಅನುಭವಿಗಳು ಅವರಿಗೆ ಬೇಕಾಗಿದ್ದರು.

ಮೀರಾ ಅವರ ದಾರಿ ರಂಗಭೂಮಿಯ ಮೂಲಕವೇ ತಿರುಗಿತು. 1970ರ ದಶಕದ ಆರಂಭದಲ್ಲಿ ಬೋಖುಮ್ ನಗರದ ರಂಗಮಂದಿರದಲ್ಲಿ ಪೀಟರ್ ಜಾಡೆಕ್ ಅವರು ಹಾನ್ಸ್ ಫಲ್ಲಾಡಾನ ಕಾದಂಬರಿಯನ್ನು ಹಾಡು ಕುಣಿತಗಳ ದೊಡ್ಡ ಪ್ರದರ್ಶನವಾಗಿ ರಂಗಕ್ಕೆ ತಂದಾಗ ಅದರಲ್ಲಿ ಮೀರಾ ಅವರಿಗೆ ಪಾತ್ರ ಕೊಟ್ಟರು. ಹಾಸ್ಯ ನಾಟಕಗಳಲ್ಲೇ ಇದ್ದವರು ಗಂಭೀರ ರಂಗಭೂಮಿಯವರ ಕಣ್ಣಿಗೆ ಬಿದ್ದದ್ದು ಹೀಗೆ. 1973ರಲ್ಲಿ ಫಾಸ್‌ಬಿಂಡರ್ ನಿರ್ಮಿಸಿ ಉಲ್ಲಿ ಲೊಮ್ಮೆಲ್ ನಿರ್ದೇಶಿಸಿದ 'ಟೆಂಡರ್‌ನೆಸ್ ಆಫ್ ದಿ ವುಲ್ವ್ಸ್' ಚಿತ್ರದಲ್ಲಿ ಅವರಿದ್ದರು. ಅದೇ ವರ್ಷದ ಸೆಪ್ಟೆಂಬರಿನಲ್ಲಿ ಮ್ಯೂನಿಕ್ ನಗರದಲ್ಲಿ, ಸುಮಾರು ಎರಡು ವಾರಗಳಲ್ಲಿ ಚಿತ್ರೀಕರಣಗೊಂಡ ಫಾಸ್‌ಬಿಂಡರ್ ಅವರ 'ಫಿಯರ್ ಈಟ್ಸ್ ದಿ ಸೋಲ್', 1974ರಲ್ಲಿ ಬಿಡುಗಡೆಯಾಗಿ ಕಾನ್ ಉತ್ಸವದಲ್ಲಿ ವಿಮರ್ಶಕರ ಅಂತರರಾಷ್ಟ್ರೀಯ ಪ್ರಶಸ್ತಿಯನ್ನು ಪಡೆಯಿತು. ಅದರ ನಾಯಕಿ ಎಮ್ಮಿ ಕುರೋವ್ಸ್ಕಿಯ ಪಾತ್ರಕ್ಕಾಗಿ ಮೀರಾ ಅವರಿಗೆ ಅದೇ ವರ್ಷ ಜರ್ಮನ್ ಚಲನಚಿತ್ರ ಪ್ರಶಸ್ತಿಯ ಚಿನ್ನದ ಪಟ್ಟಿ ಎಂಬ ಪುರಸ್ಕಾರ ಬಂತು. ನಮ್ಮಲ್ಲಿ ಆ ಚಿತ್ರವನ್ನು ಈ ಇಂಗ್ಲಿಷ್ ಹೆಸರಿನಿಂದಲೇ ಬಲ್ಲೆವು.

ಕಥೆ ಸರಳ. ಅರವತ್ತರ ಆಸುಪಾಸಿನ ವಿಧವೆ ಎಮ್ಮಿ ಕಟ್ಟಡಗಳಲ್ಲಿ ಕಸ ಗುಡಿಸಿ ನೆಲ ಒರೆಸುವ ಕೆಲಸದವಳು. ಮಳೆ ಬಂತೆಂದು ವಲಸೆ ಕಾರ್ಮಿಕರು ಸೇರುವ ಒಂದು ಬಾರಿನೊಳಗೆ ಕಾಲಿಡುತ್ತಾಳೆ. ಯಾರೋ ಕೀಟಲೆಗೆಂದು ಹೇಳಿದ ಮಾತಿನಂತೆ ಮೊರಾಕ್ಕೋದ ಮೆಕ್ಯಾನಿಕ್ ಆಲಿ ಅವಳನ್ನು ಕುಣಿಯಲು ಕರೆಯುತ್ತಾನೆ. ಇಬ್ಬರೂ ಒಬ್ಬರಿಗೊಬ್ಬರು ಹತ್ತಿರವಾಗಿ ಮದುವೆಯಾಗುತ್ತಾರೆ. ಮಕ್ಕಳು, ನೆರೆಯವರು, ಕಿರಾಣಿ ಅಂಗಡಿಯವನು, ಜೊತೆ ಕೆಲಸದವರು ಎಲ್ಲರೂ ಅವರನ್ನು ದೂರ ಮಾಡುತ್ತಾರೆ. ಇದೇ ಕಥೆಯ ಎಳೆಯನ್ನು ಫಾಸ್‌ಬಿಂಡರ್ 1970ರ ತಮ್ಮ ಚಿತ್ರವೊಂದರಲ್ಲಿ ಹೋಟೆಲಿನ ಕೆಲಸದ ಹುಡುಗಿಯ ಬಾಯಿಂದ ಹೇಳಿಸಿದ್ದರು. ಇನ್ನೊಂದು ಆಕರ, ಡಗ್ಲಸ್ ಸರ್ಕ್ ಹಾಲಿವುಡ್ಡಿನಲ್ಲಿ 1955ರಲ್ಲಿ ತೆಗೆದ 'ಆಲ್ ದಟ್ ಹೆವನ್ ಅಲೌಸ್'. ಅಲ್ಲಿ ಅನುಕೂಲಸ್ಥ ವಿಧವೆ ತನಗಿಂತ ಕಿರಿಯನಾದ ತೋಟಗಾರನನ್ನು ಪ್ರೀತಿಸುತ್ತಾಳೆ, ಊರವರೂ ಮಕ್ಕಳೂ ವಿರೋಧಿಸುತ್ತಾರೆ.

ಎರಡು ಚಿತ್ರಗಳನ್ನು ಹೋಲಿಸುವ ಲೇಖನಗಳು ಬೇಕಾದಷ್ಟು ಇವೆ. ಅವುಗಳಲ್ಲಿ ನನಗೆ ಕೊರತೆಯೆನಿಸುವುದು ನಟಿಯರ ಹೋಲಿಕೆ. ಸರ್ಕ್ ಚಿತ್ರದ ಜೇನ್ ವೈಮನ್ ತಾರೆ. ಅವರು ಕೋಣೆಗೆ ಕಾಲಿಟ್ಟರೆ ಕ್ಯಾಮೆರಾ ಕಾಯುತ್ತಿರುತ್ತದೆ, ಬೆಳಕು ಸಿದ್ಧವಾಗಿರುತ್ತದೆ; ಸಮಾಜ ಆಕೆಯನ್ನು ಹೊರಗಿಟ್ಟರೂ ಚಿತ್ರ ಹೊರಗಿಡುವುದಿಲ್ಲ. ಎಮ್ಮಿಯಂಥವಳು ಆ ಚಿತ್ರದಲ್ಲಿ ಇರಬೇಕಾಗಿದ್ದರೆ ಆ ಮನೆಯ ನೆಲ ಒರೆಸುತ್ತಿರುತ್ತಿದ್ದಳು, ಅವಳಿಗೆ ಎರಡು ಮಾತುಗಳಿರುತ್ತಿದ್ದವು. ಫಾಸ್‌ಬಿಂಡರ್ ಆ ಎರಡು ಮಾತಿನ ಹೆಂಗಸನ್ನು ಕಥೆಯ ನಡುವೆ ತಂದು ಕೂರಿಸಿದರು. ಈ ಬದಲಾವಣೆ ನಿಜವಾಗಬೇಕಾದರೆ ಪಾತ್ರಧಾರಿಯ ಮೈಯಲ್ಲಿ ತಾರೆಯ ಅಭ್ಯಾಸಗಳು ಇರಕೂಡದು. ಗಮನ ತನ್ನ ಮೇಲೆಯೇ ಇದೆಯೆಂಬ ಭರವಸೆ ಇರಕೂಡದು. ನಲವತ್ತು ವರ್ಷ ಚೌಕಟ್ಟಿನ ಅಂಚಿನಲ್ಲಿ ನಿಂತು ಅಭ್ಯಾಸವಾದ ಮೀರಾ ಅವರಿಗೆ ಅದನ್ನು ಅಭಿನಯಿಸಿ ತೋರಿಸಬೇಕಾದ ಅಗತ್ಯವೇ ಇರಲಿಲ್ಲ.

ಮೊದಲ ದೃಶ್ಯವನ್ನೇ ನೋಡಿ. ಬಾರಿನ ಬಾಗಿಲು ತೆರೆದು ಒಳಗೆ ಬಂದ ಎಮ್ಮಿ ಬಾಗಿಲ ಬಳಿಯ ಮೇಜಿನ ಹತ್ತಿರವೇ ನಿಲ್ಲುತ್ತಾಳೆ. ಕೌಂಟರಿನ ಬಳಿಯಿದ್ದವರೆಲ್ಲ ಮಾತು ನಿಲ್ಲಿಸಿ ನೋಡುತ್ತಾರೆ. ಎರಡು ಗುಂಪಿನ ನಡುವೆ ಉದ್ದನೆಯ ಖಾಲಿ ಜಾಗ. ತಾನು ಬಂದದ್ದಕ್ಕೆ ಕಾರಣವನ್ನು ಅವಳು ಯಾರೂ ಕೇಳದಿದ್ದರೂ ಹೇಳುತ್ತಾಳೆ. ಕ್ಷಮೆ ಕೇಳುವಂತೆ ಕೂರುತ್ತಾಳೆ, ಕೋಟು ತೆಗೆಯುವುದಿಲ್ಲ, ಕೋಲಾ ತರಿಸುತ್ತಾಳೆ. ಕುಣಿಯಲು ಎದ್ದಾಗ ಮಾತ್ರ ಅವಳ ನಡಿಗೆಯಲ್ಲಿ ಏನೋ ಹಗುರವಾಗುತ್ತದೆ. ಒಂದು ಕಾಲದಲ್ಲಿ ಆಪೆರೆಟ್ಟಾ ರಂಗದ ಮೇಲೆ ಕುಣಿದ ಮೈಯಿದು. ಆದರೆ ಮೀರಾ ಆ ನೈಪುಣ್ಯವನ್ನು ಹೊರಗೆ ಬಿಡದೆ, ಕುಣಿತ ಮರೆತು ಎಷ್ಟೋ ವರ್ಷವಾದ ಕೂಲಿ ಹೆಂಗಸಿನ ತಡವರಿಕೆಯಲ್ಲಿ ಅದರ ಒಂದು ಎಳೆಯನ್ನಷ್ಟೇ ಉಳಿಸುತ್ತಾರೆ. ಕಲಿತದ್ದನ್ನು ತೋರಿಸದಿರಲು ಕಲಿತಿರಬೇಕಾಗುತ್ತದೆ, ಮತ್ತು ಅದನ್ನು ಕಲಿಸುವುದು ಪೋಷಕ ಪಾತ್ರವೇ.

ಇನ್ನೊಂದು ಸಂಗತಿಯನ್ನು ಇಲ್ಲಿ ಹೇಳಬೇಕು. ಆಲಿಯ ಪಾತ್ರದ ಎಲ್ ಹೆದಿ ಬೆನ್ ಸಲೇಮ್ ತರಬೇತಿ ಪಡೆದ ನಟರಲ್ಲ. ಚಿತ್ರದಲ್ಲಿ ನಾವು ಕೇಳುವ ಅವರ ದನಿ ಇನ್ನೊಬ್ಬ ನಟನದು, ನಂತರ ಸೇರಿಸಿದ್ದು. ಅವರ ಸ್ಥಿರವಾದ, ಗಂಭೀರವಾದ ಇರವು ಚಿತ್ರಕ್ಕೆ ದೊಡ್ಡ ಬಲ. ಆದರೆ ಇಬ್ಬರ ನಡುವಿನ ಸಂಭಾಷಣೆಯ ಲಯವನ್ನು ಹೊತ್ತವರು ಮೀರಾ. ಆಲಿ ಮುರುಕು ಜರ್ಮನ್ನಿನಲ್ಲಿ ನಾಲ್ಕು ಶಬ್ದ ಹೇಳುತ್ತಾನೆ; ಎಮ್ಮಿ ಕೇಳಿಸಿಕೊಳ್ಳುತ್ತಾಳೆ. ಆ ಕೇಳಿಸಿಕೊಳ್ಳುವಿಕೆ ಎಷ್ಟು ತುಂಬಿದ್ದೆಂದರೆ ಅವನು ಹೇಳದೆ ಬಿಟ್ಟದ್ದು ಅವಳ ಮುಖದಲ್ಲಿ ಪೂರ್ತಿಯಾಗುತ್ತದೆ. ಎದುರಿನ ನಟನ ಮಾತಿಗೆ ಬೆಲೆ ತಂದುಕೊಡುವುದು ಪೋಷಕ ನಟಿಯ ಮೊದಲ ಕರ್ತವ್ಯ. ನಾಯಕಿಯ ಪಾತ್ರದಲ್ಲಿದ್ದಾಗಲೂ ಮೀರಾ ಆ ಕರ್ತವ್ಯವನ್ನು ಬಿಡಲಿಲ್ಲ. ಆದ್ದರಿಂದಲೇ ಆಲಿಯ ಪಾತ್ರ ಎದ್ದು ನಿಂತಿತು.

ತೆರೆದ ಬಯಲಿನ ಕಾಫಿ ಅಂಗಡಿಯ ದೃಶ್ಯ ಎಲ್ಲರಿಗೂ ನೆನಪಿರುತ್ತದೆ. ಖಾಲಿಯಾದ ಹಳದಿ ಕುರ್ಚಿಗಳ ನಡುವೆ ಇಬ್ಬರೇ ಕೂತಿದ್ದಾರೆ, ಅಂಗಡಿಯವರು ದೂರದಲ್ಲಿ ಗುಂಪಾಗಿ ನಿಂತು ದಿಟ್ಟಿಸುತ್ತಿದ್ದಾರೆ. ತನಗೆ ಸಂತೋಷವಿದೆ, ಆದರೆ ಎಲ್ಲರ ಈ ದ್ವೇಷವನ್ನು ತಡೆಯಲಾಗದು ಎಂದು ಎಮ್ಮಿ ಅಳುತ್ತಾಳೆ, ನೋಡುತ್ತಿದ್ದವರನ್ನು ಕೂಗಿ ಬೈಯುತ್ತಾಳೆ. ಕೂಡಲೇ ಇನ್ನೊಂದು ಯೋಚನೆ ಹೊಳೆಯುತ್ತದೆ. ಇಬ್ಬರೂ ಎಲ್ಲಿಗಾದರೂ ಹೋಗಿ ಬರೋಣ, ತಿರುಗಿ ಬರುವಷ್ಟರಲ್ಲಿ ಎಲ್ಲ ಬದಲಾಗಿರುತ್ತದೆ ಎನ್ನುತ್ತಾಳೆ. ಅಳುವಿನಿಂದ ಸಿಟ್ಟಿಗೆ, ಸಿಟ್ಟಿನಿಂದ ಮಕ್ಕಳಂಥ ಆಸೆಗೆ ಹೊರಳುವ ಈ ಒಂದೆರಡು ನಿಮಿಷ ಹಾಸ್ಯ ನಟಿಯ ವೇಗವನ್ನು ಬೇಡುತ್ತದೆ. ದುಃಖವನ್ನು ಹಿಗ್ಗಿಸಿ ಅನುಭವಿಸುವ ನಟಿ ಇಲ್ಲಿ ಸೋಲುತ್ತಿದ್ದರು. ಕ್ಯಾಬರೆಯಲ್ಲಿ ಒಂದು ಹಾಡಿನೊಳಗೆ ಮೂರು ಸಲ ಮನಸ್ಥಿತಿ ಬದಲಿಸಿ ಪಳಗಿದವರು ಗೆದ್ದರು.

ಆದರೂ ನನ್ನ ಮಟ್ಟಿಗೆ ಮೀರಾ ಅವರ ಹಿರಿಮೆ ಕಾಣುವುದು ಚಿತ್ರದ ಎರಡನೆಯ ಅರ್ಧದಲ್ಲಿ. ಪ್ರವಾಸದಿಂದ ಮರಳಿದಾಗ ಜನ ನಿಜವಾಗಿಯೇ ಬದಲಾಗಿದ್ದಾರೆ, ಏಕೆಂದರೆ ಎಲ್ಲರಿಗೂ ಎಮ್ಮಿಯಿಂದ ಏನೋ ಬೇಕಾಗಿದೆ. ಅಂಗಡಿಯವನಿಗೆ ಗಿರಾಕಿ ಬೇಕು. ನೆರೆಯವಳಿಗೆ ನೆಲಮಾಳಿಗೆಯಲ್ಲಿ ಸಾಮಾನಿಡಲು ಜಾಗ ಬೇಕು. ಸಿಟ್ಟಿನಿಂದ ಟಿವಿಯನ್ನು ಒದ್ದು ಒಡೆದಿದ್ದ ಮಗನಿಗೆ ಮಗುವನ್ನು ನೋಡಿಕೊಳ್ಳಲು ಅಜ್ಜಿ ಬೇಕು. ಎಮ್ಮಿ ಆ ಸ್ನೇಹವನ್ನು ಕೃತಜ್ಞತೆಯಿಂದ ಸ್ವೀಕರಿಸುತ್ತಾಳೆ, ಮತ್ತು ತಾನೇ ಅವರಂತಾಗುತ್ತಾಳೆ. ಗೆಳತಿಯರ ಮುಂದೆ ಆಲಿಯ ತೋಳಿನ ಬಲವನ್ನು ತೋರಿಸಿ ಮುಟ್ಟಿ ನೋಡಲು ಬಿಡುತ್ತಾಳೆ. ಅವನು ತನ್ನ ನಾಡಿನ ಕುಸ್‌ಕುಸ್ ಮಾಡಿಕೊಡು ಎಂದರೆ ಇಲ್ಲಿಯ ಊಟ ರೂಢಿಯಾಗಬೇಕು ಎನ್ನುತ್ತಾಳೆ. ಮೊದಲು ಜೊತೆಯವರು ತನ್ನನ್ನು ದೂರವಿಟ್ಟು ಮೆಟ್ಟಿಲ ಮೇಲೆ ಒಂಟಿಯಾಗಿ ಊಟ ಮಾಡಿಸಿದ್ದರು. ಈಗ ಹರ್ಜೆಗೋವಿನಾದಿಂದ ಬಂದ ಹೊಸ ಕೆಲಸದವಳನ್ನು ಅದೇ ಮೆಟ್ಟಿಲಿನಲ್ಲಿ ಒಂಟಿಯಾಗಿ ಬಿಟ್ಟು, ಕೂಲಿ ಹೆಚ್ಚಿಸಿಕೊಳ್ಳುವ ಮಾತನ್ನು ಉಳಿದವರ ಜೊತೆ ಸೇರಿ ಆಡುತ್ತಾಳೆ. ಮದುವೆಯ ದಿನ ಹಿಟ್ಲರ್ ಊಟಕ್ಕೆ ಬರುತ್ತಿದ್ದ ಹೋಟೆಲಿಗೆ ಹೋಗುವ ಆಸೆಯನ್ನು ಅವಳು ಯಾವ ಸಂಕೋಚವೂ ಇಲ್ಲದೆ ಹೇಳಿದ್ದನ್ನು ಪ್ರೇಕ್ಷಕ ಆಗ ನೆನೆಯುತ್ತಾನೆ.

ನಾಯಕಿಯಾಗಿ ಬೆಳೆದ ನಟಿಯರಲ್ಲಿ ಹೆಚ್ಚಿನವರು ಇಂಥ ಕಡೆ ಪ್ರೇಕ್ಷಕರಿಗೆ ಒಂದು ಸನ್ನೆ ಕೊಡುತ್ತಾರೆ. ನನಗೆ ಗೊತ್ತು, ನಾನು ತಪ್ಪು ಮಾಡುತ್ತಿದ್ದೇನೆ, ನನ್ನನ್ನು ಕ್ಷಮಿಸಿ ಎಂಬ ನೋಟವೊಂದು ಎಲ್ಲೋ ಸೇರಿಕೊಳ್ಳುತ್ತದೆ. ಮೀರಾ ಅದನ್ನು ಕೊಡುವುದಿಲ್ಲ. ಬಾರಿನಲ್ಲಿ ಕೋಲಾ ತರಿಸಿದ ಅದೇ ಸರಳತೆಯಿಂದ, ಅದೇ ಒಳ್ಳೆಯತನದ ದನಿಯಲ್ಲಿ ಅವರು ಎಮ್ಮಿಯ ಕ್ರೌರ್ಯವನ್ನು ಆಡುತ್ತಾರೆ. ಒಬ್ಬಳೇ ವ್ಯಕ್ತಿಯಲ್ಲಿ ಪ್ರೀತಿಯೂ ಪೂರ್ವಗ್ರಹವೂ ಜಗಳವಿಲ್ಲದೆ ಒಟ್ಟಿಗೆ ಇರಬಲ್ಲವೆಂಬ ಚಿತ್ರದ ಅತ್ಯಂತ ಕಠಿಣವಾದ ಅರಿವು ನಮ್ಮನ್ನು ತಟ್ಟುವುದು ಈ ಸಮತೆಯಿಂದ. ಜರ್ಮನಿಯ ಒಬ್ಬ ಸಾಮಾನ್ಯ, ದಯಾಳು ಮುದುಕಿ 1930ರ ದಶಕದಲ್ಲಿ ಏನು ಮಾಡಿದ್ದಳು ಎಂಬ ಪ್ರಶ್ನೆಯನ್ನು ಇದಕ್ಕಿಂತ ನೇರವಾಗಿ ಕೇಳಿದ ಅಭಿನಯ ನನಗೆ ತಿಳಿದಂತೆ ಆ ದಶಕದ ಚಿತ್ರಗಳಲ್ಲಿ ಇಲ್ಲ. ಕೇಳುತ್ತಿರುವ ನಟಿ ಆ ಕಾಲವನ್ನು ತನ್ನ ಹುಟ್ಟನ್ನು ಮುಚ್ಚಿಟ್ಟುಕೊಂಡು ದಾಟಿದವರು ಎಂಬುದನ್ನು ತಿಳಿದು ನೋಡಿದಾಗ ಪ್ರಶ್ನೆಯ ತೂಕ ಇನ್ನೂ ಹೆಚ್ಚುತ್ತದೆ.

ಅದೇ ಚಿತ್ರದಲ್ಲಿ ಎಮ್ಮಿಯ ಮಗಳಾಗಿ ಇರ್ಮ್ ಹೆರ್ಮಾನ್ ಇದ್ದಾರೆ. 1942ರಲ್ಲಿ ಮ್ಯೂನಿಕ್‌ನಲ್ಲಿ ಹುಟ್ಟಿದ ಅವರು ಕಚೇರಿಯಲ್ಲಿ ಕಾರ್ಯದರ್ಶಿಯ ಕೆಲಸ ಬಿಟ್ಟು, ಯಾವ ತರಬೇತಿಯೂ ಇಲ್ಲದೆ ಫಾಸ್‌ಬಿಂಡರ್ ಅವರ ಮೊದಲ ಕಿರುಚಿತ್ರದಿಂದಲೇ ಜೊತೆಯಾದವರು. 1972ರ 'ದಿ ಬಿಟರ್ ಟಿಯರ್ಸ್ ಆಫ್ ಪೆಟ್ರಾ ಫಾನ್ ಕಾಂಟ್' ಚಿತ್ರದಲ್ಲಿ ಒಂದು ಮಾತನ್ನೂ ಆಡದ ಸಹಾಯಕಿ ಮರ್ಲೇನಳಾಗಿ ಅವರು ಮಾಡಿದ ಕೆಲಸಕ್ಕೆ ಪ್ರತ್ಯೇಕ ಉಪನ್ಯಾಸವೇ ಬೇಕು. ಇಲ್ಲಿ ಹೇಳಬೇಕಾದದ್ದು ಇಷ್ಟು. ಹೆರ್ಮಾನ್ ಅವರ ಬಿಗಿದ ತುಟಿ, ಚಪ್ಪಟೆಯಾದ ದನಿ, ಅಲ್ಲಾಡದ ಮುಖ ಹೊಸ ಸಿನಿಮಾ ತಾನೇ ರೂಪಿಸಿಕೊಂಡ ಶೈಲಿ. ಮೀರಾ ಅವರ ಬೆಚ್ಚಗಿನ, ಚಲಿಸುವ ಮುಖ ಹಳೆಯ ರಂಗಭೂಮಿಯಿಂದ ಬಂದದ್ದು. ತಾಯಿ ಮದುವೆಯ ಸುದ್ದಿ ಹೇಳುವಾಗ ಕ್ಯಾಮೆರಾ ಮಕ್ಕಳ ಕಲ್ಲಿನಂಥ ಮುಖಗಳ ಮೇಲೆ ಒಂದೊಂದಾಗಿ ಸರಿದುಹೋಗುತ್ತದೆ. ಒಂದು ಕುಟುಂಬದ ಒಡಕನ್ನು ಅಲ್ಲಿ ಕಾಣಿಸುವುದು ಮಾತಿಗಿಂತ ಹೆಚ್ಚಾಗಿ ಈ ಎರಡು ಅಭಿನಯ ಪರಂಪರೆಗಳ ಅಂತರ.

1975ರ 'ಮದರ್ ಕುಸ್ಟರ್ಸ್ ಗೋಸ್ ಟು ಹೆವನ್' ಚಿತ್ರದಲ್ಲಿ ಮೀರಾ ಮತ್ತೊಮ್ಮೆ ನಾಯಕಿ. ಕೆಲಸದಿಂದ ಜನರನ್ನು ತೆಗೆಯುವ ಸುದ್ದಿ ಕೇಳಿ ಕಾರ್ಖಾನೆಯಲ್ಲಿ ಕೊಲೆ ಮಾಡಿ ತಾನೂ ಸತ್ತ ಕಾರ್ಮಿಕನ ಹೆಂಡತಿ ಎಮ್ಮಾ ಕುಸ್ಟರ್ಸ್. ಪತ್ರಕರ್ತ, ಹಾಡುಗಾರ್ತಿಯಾದ ಮಗಳು, ಸೊಗಸಾದ ಮನೆಯಲ್ಲಿರುವ ಕಮ್ಯುನಿಸ್ಟ್ ದಂಪತಿ, ಅರಾಜಕತಾವಾದಿ ತರುಣ, ಹೀಗೆ ಪ್ರತಿಯೊಬ್ಬರೂ ಅವಳ ದುಃಖವನ್ನು ತಮ್ಮ ಕೆಲಸಕ್ಕೆ ಬಳಸಿಕೊಳ್ಳುತ್ತಾರೆ. ಅಡುಗೆಮನೆಯ ಮೇಜಿನ ಮೇಲೆ ವಿದ್ಯುತ್ ಸಾಮಾನಿನ ಬಿ‌ಡಿಭಾಗಗಳನ್ನು ಜೋಡಿಸುತ್ತ ಕೂತ ಮೊದಲ ದೃಶ್ಯದಲ್ಲಿ ಅವರ ಕೈಗಳ ವೇಗವನ್ನು ಗಮನಿಸಬೇಕು. ಚಿತ್ರಕ್ಕೆ ಎರಡು ಮುಕ್ತಾಯಗಳಿವೆ. ಒಂದರಲ್ಲಿ ಗುಂಡಿನ ದಾಳಿಯಲ್ಲಿ ಎಮ್ಮಾ ಸತ್ತದ್ದನ್ನು ಪರದೆಯ ಮೇಲಿನ ಅಕ್ಷರಗಳು ತಿಳಿಸುತ್ತವೆ. ಇನ್ನೊಂದರಲ್ಲಿ ವಿಧುರನಾದ ಕಾವಲುಗಾರ ಅವಳನ್ನು ಮನೆಗೆ ಊಟಕ್ಕೆ ಕರೆಯುತ್ತಾನೆ. ಎರಡೂ ಸಾಧ್ಯವೆನಿಸುವುದು ಎಮ್ಮಾಳ ನಂಬುವ ಗುಣವನ್ನು ಮೀರಾ ಎಲ್ಲಿಯೂ ಮಂಕುತನವಾಗಿಸದೆ ಉಳಿಸಿಕೊಂಡದ್ದರಿಂದ.

ಹೀಗೆ ಎರಡು ಸಲ ನಾಯಕಿಯಾದ ಮೇಲೆ ಅವರು ಪೋಷಕ ಪಾತ್ರಗಳಿಗೆ ಮರಳಿದ್ದನ್ನು ಕೆಲವರು ಅನ್ಯಾಯವೆಂದು ಬಗೆಯುತ್ತಾರೆ. ಅರವತ್ತು ದಾಟಿದ ಹೆಂಗಸಿನ ಸುತ್ತ ಕಥೆ ಹೆಣೆಯುವವರು ಆಗಲೂ ವಿರಳ, ಈಗಲೂ ವಿರಳ. ಆ ಮಟ್ಟಿಗೆ ಅದು ಅನ್ಯಾಯವೇ. ಆದರೆ ಮರಳಿದ ಪಾತ್ರಗಳು ಕಿರಿದಾಗಿದ್ದವೆಂದು ನನಗೆ ಅನಿಸಿಲ್ಲ. ವೆರ್ನರ್ ಹೆರ್ತ್ಸೋಗ್ ಅವರ 1974ರ ಕಾಸ್ಪರ್ ಹೌಸರ್ ಚಿತ್ರದಲ್ಲಿ ಮೀರಾ ಮನೆಗೆಲಸದ ಕೇಟೆ. ನೆಲಮಾಳಿಗೆಯಲ್ಲಿ ಬೆಳೆದು ಲೋಕವನ್ನೇ ಅರಿಯದ ಕಾಸ್ಪರ್, ಹೆಂಗಸರು ಅಡುಗೆ ಮತ್ತು ಹೆಣಿಗೆಯಲ್ಲೇ ಏಕೆ ಇರಬೇಕು ಎಂದು ಕೇಳುವುದು ಈ ಕೇಟೆಯನ್ನು. ಕಾಸ್ಪರ್ ಪಾತ್ರ ಮಾಡಿದ, ನಟನಲ್ಲದ ಬ್ರುನೋ ಎಸ್. ಅವರ ಎದುರು ಆಲಿಯ ಎದುರಿನಂತೆಯೇ ಜಾಗ ಬಿಟ್ಟುಕೊಟ್ಟು ನಿಲ್ಲುವ ಅವರ ಸೌಜನ್ಯ ಅಲ್ಲಿದೆ. 1976ರ 'ಚೈನೀಸ್ ರೂಲೆಟ್' ಚಿತ್ರದ ಮನೆವಾರ್ತೆಯವಳು ಕಾಸ್ಟ್ ಇನ್ನೊಂದು ಬಗೆ. ಎಲ್ಲವನ್ನೂ ಬಲ್ಲ, ಯಾರ ಮೇಲೂ ಕರುಣೆಯಿಲ್ಲದ ಈ ಹೆಂಗಸಿನಲ್ಲಿ ಎಮ್ಮಿಯ ಬೆಚ್ಚನೆ ಒಂದಿಷ್ಟೂ ಇಲ್ಲ. ಮೀರಾ ಅವರನ್ನು ಕೇವಲ ಒಳ್ಳೆಯ ಅಜ್ಜಿ ಎಂದು ತಿಳಿದವರು ಇದನ್ನು ನೋಡಬೇಕು.

1980ರಲ್ಲಿ ಬಂದ, ಹದಿಮೂರು ಭಾಗಗಳು ಮತ್ತು ಒಂದು ಉಪಸಂಹಾರವಿರುವ 'ಬರ್ಲಿನ್ ಅಲೆಕ್ಸಾಂಡರ್‌ಪ್ಲಾಟ್ಸ್' ಟೆಲಿವಿಷನ್ ಮಾಲೆಯಲ್ಲಿ ಅವರು ಕಥಾನಾಯಕ ಫ್ರಾನ್ಸ್ ಬೀಬರ್‌ಕೋಫನ ಮನೆಯೊಡತಿ ಫ್ರಾವ್ ಬಾಸ್ಟ್. ಸೆರೆಯಿಂದ ಬಂದ, ಕೈ ಕಳೆದುಕೊಳ್ಳುವ, ಪ್ರೀತಿಸಿದವಳನ್ನು ಕಳೆದುಕೊಳ್ಳುವ ಬೀಬರ್‌ಕೋಫ್ ಕೋಣೆಗೆ ಬಂದು ಹೋಗುವಾಗಲೆಲ್ಲ ಬಾಗಿಲ ಬಳಿ ಆಕೆ ಇರುತ್ತಾಳೆ. ಕಥೆಯ ತಿರುವುಗಳಲ್ಲಿ ಆಕೆಯದು ಏನೂ ಇಲ್ಲ. ಆದರೆ ಹದಿನೈದು ಗಂಟೆಗೂ ಮೀರಿದ ಆ ಕತ್ತಲೆಯ ಕಥನದಲ್ಲಿ ಕೇಳುವ, ಕಾಯುವ, ಅವನ ಬಗ್ಗೆ ಕೆಟ್ಟದ್ದನ್ನು ನಂಬಲು ಸಿದ್ಧಳಿಲ್ಲದ ಒಂದು ಮುಖ ಉದ್ದಕ್ಕೂ ಇದ್ದುದರಿಂದಲೇ ಬೀಬರ್‌ಕೋಫ್ ನಮಗೆ ಸಹನೀಯನಾಗುತ್ತಾನೆ.

ಜರ್ಮನಿಯ ಮನೆಮನೆಗೆ ಮೀರಾ ಅವರನ್ನು ತಲುಪಿಸಿದ್ದು ಮಾತ್ರ ಇದಾವುದೂ ಅಲ್ಲ. 1977ರಿಂದ 1991ರವರೆಗೆ ಪ್ರಸಾರವಾದ 'ದ್ರೈ ಡಾಮೆನ್ ಫಾಮ್ ಗ್ರಿಲ್' ಎಂಬ ಧಾರಾವಾಹಿಯಲ್ಲಿ ಬರ್ಲಿನ್ನಿನ ಬೀದಿಬದಿಯ ಸಾಸೇಜ್ ಅಂಗಡಿಯನ್ನು ಅಜ್ಜಿ, ಮಗಳು, ಮೊಮ್ಮಗಳು ಮೂವರು ಸೇರಿ ನಡೆಸುತ್ತಾರೆ, ಅಜ್ಜಿ ಮೀರಾ. ವಿಮರ್ಶಕರು ಈ ಧಾರಾವಾಹಿಯನ್ನು ಅವರ ವೃತ್ತಿಯ ಲೆಕ್ಕದಿಂದ ಹೊರಗಿಡುವುದುಂಟು. ಹಾಗೆ ಹೊರಗಿಟ್ಟರೆ, ಒಂದೇ ದಶಕದಲ್ಲಿ ಫಾಸ್‌ಬಿಂಡರ್ ಚಿತ್ರಗಳಲ್ಲಿಯೂ ಸಂಜೆಯ ಮನರಂಜನೆಯಲ್ಲಿಯೂ ಅದೇ ನಿಷ್ಠೆಯಿಂದ ಕೆಲಸ ಮಾಡಿದ ವೃತ್ತಿನಿರತ ಕಲಾವಿದೆ ಕಣ್ಮರೆಯಾಗಿ, ಯಾರೋ ಕಂಡುಹಿಡಿದ ಅಚ್ಚರಿಯೊಂದೇ ಉಳಿಯುತ್ತದೆ. ಇಳಿವಯಸ್ಸಿನಲ್ಲಿಯೂ ಅವರು ರಂಗವನ್ನು ಬಿಡಲಿಲ್ಲ. ಹೆಲೆನ್ ವೀಟಾ ಮತ್ತು ಎವೆಲಿನ್ ಕ್ಯುನೆಕೆ ಎಂಬ ತಮ್ಮಂತೆಯೇ ಹಿರಿಯರಾದ ಇಬ್ಬರು ಹಾಡುಗಾರ್ತಿಯರ ಜೊತೆ ಸೇರಿ ಹಾಡಿದರು.

ಈ ಉಪನ್ಯಾಸದ ನಂತರ ಅವರ ಚಿತ್ರಗಳನ್ನು ನೋಡಬಯಸುವವರು 'ಫಿಯರ್ ಈಟ್ಸ್ ದಿ ಸೋಲ್'ನಿಂದ ಆರಂಭಿಸಿ, ಅದರ ಮೆಟ್ಟಿಲಿನ ಎರಡು ದೃಶ್ಯಗಳನ್ನು ಒಂದರ ಪಕ್ಕದಲ್ಲಿ ಒಂದಿಟ್ಟು ನೋಡಲಿ. ಆಮೇಲೆ 'ಚೈನೀಸ್ ರೂಲೆಟ್'ನ ಕಾಸ್ಟ್‌ಳನ್ನು ನೋಡಲಿ. 'ಬರ್ಲಿನ್ ಅಲೆಕ್ಸಾಂಡರ್‌ಪ್ಲಾಟ್ಸ್' ಕೊನೆಗೆ ಬರಲಿ. ಅದನ್ನು ನೋಡುವಾಗ ಬೀಬರ್‌ಕೋಫ್ ಮಾತನಾಡುತ್ತಿರುವ ಹೊತ್ತಿನಲ್ಲಿ ಫ್ರಾವ್ ಬಾಸ್ಟ್ ಏನು ಮಾಡುತ್ತಿದ್ದಾಳೆಂಬುದರ ಕಡೆಗೆ ಕಣ್ಣಿರಲಿ.